ತಿಕೋಟಾದ ಬಾವಿಯಲ್ಲಿ ಇರಾನಿನ ಕ್ಯಾಮೆರಾ

ಚಷ್ಮಾ ಒರೆಸಿಕೊಳ್ಳುವಷ್ಟರಲ್ಲಿ ಸಬ್‌ಟೈಟಲ್ ಹಾರಿಹೋಗುತ್ತದೆ. ಈ ವಯಸ್ಸಿಗೆ ವಿದೇಶಿ ಸಿನಿಮಾ ನೋಡುವುದೆಂದರೆ ಓಡುವ ಬಸ್ಸಿನ ಬೋರ್ಡು ಓದಿದಂತೆ. ಆದರೂ ಆ ಇರಾನಿ ನಿರ್ದೇಶಕರ ಚಿತ್ರವೆಂದರೆ ನಾನು ಟೀವಿ ಬಿಟ್ಟು ಏಳುವವಳಲ್ಲ. ಇಟ್ಟಿಗೆಭಟ್ಟಿಯ ಕೂಲಿಗಳಿಂದ ಡಿವೋರ್ಸ್ ಕೋರ್ಟಿನ ಮೆಟ್ಟಿಲ ಮೇಲೆ ಕುಳಿತ ಹೆಂಗಸರವರೆಗೆ, ಸೆನ್ಸಾರಿನ ಕತ್ತರಿಗೂ ಬಗ್ಗದೆ, ಜೀವಮಾನವಿಡೀ ಸಮಾಜವನ್ನೇ ಚಿತ್ರಿಸಿದವರು ಅವರು. ಅವರ ಚಿತ್ರಗಳ ಬಡವರು ಕೈಕಟ್ಟಿ ಕರುಣೆಗಾಗಿ ಕಾಯುವುದಿಲ್ಲ, ಏನಾದರೊಂದು ಮಾಡುತ್ತಿರುತ್ತಾರೆ ಎಂದು ವಿಮರ್ಶಕರು ಮೆಚ್ಚುತ್ತಾರೆ. ಅದನ್ನು ಅವರು ಕಲಿತದ್ದು ತಿಕೋಟಾದಲ್ಲಿ ಎಂದರೆ ನೀವು ನಗುತ್ತೀರಿ. ನಗಿ, ಪರವಾಗಿಲ್ಲ.

ಅರವತ್ತರ ದಶಕ. ಗೋಳಗುಮ್ಮಟದ ಫಾರ್ಸಿ ಬರಹಗಳನ್ನು ಚಿತ್ರೀಕರಿಸಲು ನಮ್ಮ ವಿಜಾಪುರಕ್ಕೆ ಬಂದಿದ್ದ, ಆಗಿನ್ನೂ ತರುಣನಾಗಿದ್ದ ಆ ನಿರ್ದೇಶಕನಿಗೆ ಹಳ್ಳಿಯನ್ನೂ ನೋಡುವ ಆಸೆ. ಕಾನ್ವೆಂಟಿನಲ್ಲಿ ಕಲಿತವಳೆಂಬ ಒಂದೇ ಅರ್ಹತೆಯ ಮೇಲೆ ಅಪ್ಪ ನನ್ನನ್ನು ದುಭಾಷಿಯಾಗಿ ನೇಮಿಸಿ, ಇಬ್ಬರನ್ನೂ ಹತ್ತಿರದ ತಿಕೋಟಾದ ಕಾಕುವಿನ, ಅಂದರೆ ಚಿಕ್ಕಮ್ಮನ, ಮನೆಗೆ ಕರೆದೊಯ್ದರು. ಕ್ಯಾಮೆರಾ ಬರುತ್ತದೆಂದು ಕಾಕು ಇಳಕಲ್ ಸೀರೆಯುಟ್ಟು, ನತ್ತು ಏರಿಸಿ, ಸಾಕ್ಷಾತ್ ಹೀರೋಯಿನ್ ಆಗಿದ್ದಳು.

ಕ್ಯಾಮೆರಾ ಮಾತ್ರ ಹಿತ್ತಲ ಬಾವಿಯತ್ತ ತಿರುಗಿತು. ಅಲ್ಲಿ ಊರಾಚೆಯ ಕೇರಿಯ ಶಾಂತವ್ವ ಖಾಲಿ ಕೊಡ ಹಿಡಿದು ದೂರ ನಿಂತಿದ್ದಳು. ಆಕೆಯ ಮನೆಯವರು ಬೌದ್ಧರಾಗಿ ಕೆಲವೇ ವರ್ಷಗಳಾಗಿದ್ದವು. ಧರ್ಮ ಬದಲಾದರೂ ಬಾವಿಯ ಕಾನೂನು ಬದಲಾಗಿರಲಿಲ್ಲ. ನಮ್ಮವರು ಯಾರಾದರೂ ಸೇದಿ, ಮೇಲಿನಿಂದ ಸುರಿಯುವವರೆಗೆ ಕಾಯಬೇಕು.

"ಯವ್ವಾ, ಆ ಸಾಹೇಬರಿಗೆ ಹೇಳ್ರಿ," ಎಂದಳು ಶಾಂತವ್ವ ನನಗೆ. "ನಾ ಕಾಯೋದು ತಗೀಬ್ಯಾಡಂತ. ನೀರು ಸೇದತೀನಿ, ಅದನ್ನ ತಗೀಲಿ."

ನನ್ನ ಇಂಗ್ಲಿಷ್ ಗ್ರಾಮರ್ ಎಲ್ಲ ನಡುಗಿತು, ಆದರೂ ಹೇಳಿದೆ. ಆತ ಕ್ಯಾಮೆರಾದಿಂದ ಕಣ್ಣು ತೆಗೆದು, ಆಕೆ ಹೇಳಿದ್ದೇ ಸರಿ, ಇಲ್ಲವಾದರೆ ಚಿತ್ರವೇ ಬೇಡ ಎಂದ. ಕಾಕುವಿನ ಮುಖ ನೋಡಬೇಕಿತ್ತು! ಒಂದು ಕಡೆ ಮಡಿ, ಇನ್ನೊಂದು ಕಡೆ ಸಿನಿಮಾ.

"ಸೇದು ಬೇ, ಲಗೂನ ಸೇದು. ಸಿನಿಮಾದಾಗ ಅಷ್ಟ ಮತ್ತ, ಖರೇ ಅಲ್ಲ!"

ಶಾಂತವ್ವ ಹಗ್ಗಕ್ಕೆ ಕೈಹಾಕಿದಳು. ಬಾವಿಯ ರಾಟೆ, ನಮ್ಮ ಕಡೆಯ ಗಡಗಡಿ, ಕಿರುಗುಟ್ಟಿತು. ಕ್ಯಾಮೆರಾ ಓಡುತ್ತಿರುವಾಗಲೇ ಕಾಕು ಡೈರೆಕ್ಟರ್ ಆದಳು: "ಸೆರಗು ಸರಿ ಮಾಡ್ಕೋ, ಇರಾನದಾಗ ನೋಡ್ತಾರ!"

ಮರುದಿನ ಬೆಳಿಗ್ಗೆ, ಕ್ಯಾಮೆರಾ ವಿಜಾಪುರಕ್ಕೆ ಮರಳಿದ ಮೇಲೆ, ಗಡಗಡಿ ಮತ್ತೆ ಕಿರುಗುಟ್ಟಿತು. ಕಾಕು ತನ್ನ ಕೊಡ ಹಿಡಿದೇ ಹಿತ್ತಲಿಗೆ ಓಡಿದಳು.

"ಏ ಶಾಂತವ್ವಾ! ಸಿನಿಮಾ ಮುಗೀತಲ್ಲ ಬೇ!"

"ಅವರದು ಮುಗೀತ್ರಿ, ಬಾಯಾರ," ಎಂದಳು ಶಾಂತವ್ವ, ಹಗ್ಗ ಬಿಡದೆ. "ನಂದು ಈಗ ಚಾಲೂ ಆಗೈತಿ." ತನ್ನ ಕೊಡ ತುಂಬಿಸಿಕೊಂಡು ಕಾಕುವಿನ ಕೊಡದತ್ತ ನೋಡಿದಳು. "ನಿಮ್ದೂ ತುಂಬ್ಲೇನ್ರಿ?"

ಕಾಕು ತನ್ನ ಖಾಲಿ ಕೊಡವನ್ನು ಬಾವಿಕಟ್ಟೆಯ ಮೇಲೆ ಬಿಟ್ಟು, ಹಿಂದಿರುಗಿ ನೋಡದೆ ಒಳಗೆ ನಡೆದಳು.