ಕರಡಿ ಮಾತಾಡುವ ಹಾಗಿಲ್ಲ

ಮಾರ್ಲಿಸ್ ಟೆಶ್ ಒಮ್ಮೆ ಆಡಿದ ಮಾತನ್ನು ವಾಪಸು ತೆಗೆದುಕೊಂಡದ್ದನ್ನು ಆ ಊರಿನಲ್ಲಿ ಯಾರೂ ಕಂಡಿರಲಿಲ್ಲ. ತಾನು ಹಿಡಿದ ಮೊಲಕ್ಕೆ ಮೂರೇ ಕಾಲು ಎನ್ನುವ ಹೆಂಗಸು. ಶಾಲೆಯ ಬಸ್ಸು ಓಡಿಸುತ್ತಿದ್ದಳು. ಬಾಗಿಲು ಮುಚ್ಚಿತೆಂದರೆ ಮುಚ್ಚಿತು. ಆಮೇಲೆ ಪಾದ್ರಿಯ ಮಗಳೇ ಹಿಮದಲ್ಲಿ ಎದ್ದುಬಿದ್ದು ಓಡಿ ಬಂದರೂ ತೆರೆಯುತ್ತಿರಲಿಲ್ಲ. ಜನ ಬೈದುಕೊಳ್ಳುತ್ತಿದ್ದರು, ಬೈದುಕೊಂಡೇ ಮಕ್ಕಳನ್ನು ಅವಳ ಬಸ್ಸಿಗೆ ಹತ್ತಿಸುತ್ತಿದ್ದರು. ನಿಯಮ ಬಿಡದವಳ ಕೈಯಲ್ಲಿ ಮಗು ಕ್ಷೇಮ ಎಂದು ಅವರ ನಂಬಿಕೆ. ಅವಳ ನಂಬಿಕೆಯೂ ಅದೇ. ಆ ನಂಬಿಕೆ ಅವಳಿಗೆ ಹೇಗೆ ಕೈಕೊಟ್ಟಿತೆಂಬುದನ್ನು ಈಗ ಹೇಳಬೇಕು.

ವಿಸ್ಕಾನ್ಸಿನ್ನಿನ ಆ ಕಾಗದದ ಗಿರಣಿ ಊರಿನಲ್ಲಿ ಅರ್ಧ ವರ್ಷ ಚಳಿಗಾಲ. ಗಂಡಸರು ಹೆಪ್ಪುಗಟ್ಟಿದ ಕೆರೆಗೆ ತೂತು ಕೊರೆದು ಮೀನಿಗೆ ಕಾಯುತ್ತಾರೆ, ಇಲ್ಲವೇ ಟೀವಿಯಲ್ಲಿ ಫುಟ್‌ಬಾಲ್ ನೋಡುತ್ತ ಬಿಯರ್ ಕುಡಿಯುತ್ತಾರೆ. ಎರಡೂ ಬೇಡವಾದ ಕೆಲವರು ಭಾನುವಾರ ಚರ್ಚು ಮುಗಿಸಿ ಮಾರ್ಲಿಸ್ ಮನೆಯ ನೆಲಮಾಳಿಗೆಗೆ ಇಳಿಯುತ್ತಿದ್ದರು. ತೀರಿಕೊಂಡ ಗಂಡನ ಬಿಲಿಯರ್ಡ್ಸ್ ಮೇಜಿನ ಮೇಲೆ ಹಲಗೆ ಹಾಸಿ, ಸುತ್ತ ಕೂತು ಬಾಯಲ್ಲೇ ಕಥೆ ಕಟ್ಟುವ ಆಟ. ಒಬ್ಬೊಬ್ಬರೂ ಒಂದೊಂದು ಪಾತ್ರ: ಕತ್ತಿಯವನು, ಕಳ್ಳಿ, ಮಾಂತ್ರಿಕ. ಮಾರ್ಲಿಸ್ ಕಥೆ ನಡೆಸುವವಳು. ಕಾಡು ಅವಳದು, ರಾಕ್ಷಸರು ಅವಳವರು, ನ್ಯಾಯವೂ ಅವಳದೇ. ಏಟು ಬಿತ್ತೋ ತಪ್ಪಿತೋ ಹೇಳಲು ಹಲವು ಮುಖದ ದಾಳಗಳಿದ್ದವು. ದಾಳದ ಮೇಲಿನ ಮಾತು ಮಾರ್ಲಿಸಳದು.

ಗಾರ್ಡಿ ವಾಂಡರ್‌ಹೈಗೆ ಆಟದಲ್ಲಿ ರೂಪ ಬದಲಿಸುವ ಮಾಂತ್ರಿಕನ ಪಾತ್ರ. ಚೀಸ್ ಕಾರ್ಖಾನೆಯ ಆಳು, ಕೊಬ್ಬರಿ ಮಿಠಾಯಿಯಂಥ ಮನಸ್ಸು, ಬಾಯಿ ಮಾತ್ರ ನಿಲ್ಲದ ಗಿರಣಿ. ಬಾಯಿ ಇದ್ದವನು ಬರಗಾಲದಲ್ಲೂ ಬದುಕಿದ ಎಂಬ ಗಾದೆ ಇವನನ್ನು ನೋಡಿಯೇ ಹುಟ್ಟಿರಬೇಕು. ಆಟದಲ್ಲಿ ಅವನು ಕರಡಿಯಾದ ದಿನವೇ ಜಗಳ ಶುರು.

"ಕರಡಿ ಆದಾಗ ನಿನ್ನ ಚಡ್ಡಿ ಏನಾಗುತ್ತೆ ಗಾರ್ಡಿ?" ಎಂದು ಕೇಳಿದವನು ಡೀನ್, ಗಿರಣಿಯಲ್ಲಿ ಬೆಸುಗೆ ಹಾಕುವವನು, ಕತ್ತಿಯವನ ಪಾತ್ರ.

"ಮೈಯೊಳಗೆ ಕರಗುತ್ತೆ. ಉಂಗುರಾನೂ ಕರಗುತ್ತೆ."

"ಕರಗಲ್ಲ, ಹರಿದು ಚೂರಾಗುತ್ತೆ," ಎಂದಳು ಲೈಬ್ರರಿಯ ಟ್ರೂಡಿ. "ವಾಪಸ್ ಮನುಷ್ಯ ಆದಾಗ ಬರೀ ಮೈಲಿ ನಿಲ್ತೀಯ. ನಾನಂತೂ ಕಣ್ಣು ಮುಚ್ಕೋತೀನಪ್ಪ."

ಹೀಗೆ ವಾರಗಟ್ಟಲೆ ವಾದ. ಕರಡಿಗೆ ಬಿದ್ದ ಗಾಯ ಮನುಷ್ಯನಿಗೂ ಉಳಿಯುತ್ತದೆಯೇ? ಬಹಳ ಹೊತ್ತು ಕರಡಿಯಾಗಿದ್ದರೆ ಬುದ್ಧಿಯೂ ಕರಡಿಯದಾಗುತ್ತದೆಯೇ? ಆಟದ ಪುಸ್ತಕ ಒಂದು ಹೇಳಿದರೆ ಗಾರ್ಡಿ ಅದಕ್ಕೆ ಇನ್ನೊಂದು ಅರ್ಥ ಹಚ್ಚುತ್ತಿದ್ದ. ಅದೂ ಸಾಲದೆ, ಕರಡಿಯ ರೂಪದಲ್ಲಿದ್ದುಕೊಂಡೇ ವ್ಯಾಪಾರಿಗಳ ಜೊತೆ ಚೌಕಾಸಿ ಮಾಡುವುದು, ಕಾವಲುಗಾರನಿಗೆ ಜೋಕು ಹೇಳುವುದು. ಮಾರ್ಲಿಸಳ ತಾಳ್ಮೆ ಒಂದು ದಿನ ಕಿತ್ತುಹೋಯಿತು. ಮೇಜಿಗೆ ಗುದ್ದಿದಳು.

"ಸಾಕು! ಇವತ್ತಿಂದ ಕರಡಿ ಮಾತಾಡೋ ಹಾಗಿಲ್ಲ. ಆಟದಲ್ಲಷ್ಟೇ ಅಲ್ಲ, ಈ ಮೇಜಿನ ಹತ್ರಾನೂ. ರೂಪದಲ್ಲಿ ಇರೋವರೆಗೂ ನಿನ್ನ ಬಾಯಿಂದ ಒಂದು ಮಾತು ಬಂತೋ, ರೂಪ ಕಳಚಿ ಶತ್ರುಗಳ ಮಧ್ಯೆ ಬೀಳ್ತೀಯ. ಹೊರಗೆ ಬರಬೇಕು ಅಂದ್ರೆ ಮೇಜಿನ ಮೇಲೆ ಬಲಗೈಯ ಅಂಗೈ ಊರು. ನಾನು 'ರೂಪ ಇಳೀತು, ಮಾತಾಡು' ಅಂತೀನಿ. ಆಮೇಲೆ ಎಷ್ಟು ಬೇಕಾದ್ರೂ ಒದರು."

"ಬಲಗೈನೇ ಯಾಕೆ ತಾಯಿ? ಎಡಗೈ ಏನು ಪಾಪ ಮಾಡಿತ್ತು?"

"ಎಡಗೈಲಿ ಚಿಪ್ಸ್ ಎತ್ಕೊಳ್ತಾ ಇರ್ತೀಯ. ಆಮೇಲೆ 'ಊರಿದೆ, ಊರ್ಲಿಲ್ಲ' ಅಂತ ತಕರಾರು ಬೇರೆ. ಬಲಗೈ ಅಂದ್ರೆ ಬಲಗೈ."

ಗಾರ್ಡಿ ಸೋಲುತ್ತಾನೆಂದು ಎಲ್ಲರೂ ಅಂದುಕೊಂಡರು. ಅವನೋ, ಹಠಕ್ಕೆ ಬಿದ್ದ. ಮಾತಿನ ಮಲ್ಲ ಮೌನದ ಮಲ್ಲನಾದ. ಮೂಗಿನಲ್ಲಿ ಗುಟುರು ಹಾಕುವುದು, ತಲೆ ತೂಗುವುದು, ಮುಷ್ಟಿಯಿಂದ ದಾಳ ತಳ್ಳುವುದು, ಎಲ್ಲವನ್ನೂ ಕಲಿತ. ಒಮ್ಮೆ ಬಿಸಿ ಬಿಸಿ ಕರಿದ ಚೀಸ್ ಬಾಯಿಗೆ ಹಾಕಿಕೊಂಡು ನಾಲಗೆ ಸುಟ್ಟಾಗಲೂ ಕಣ್ಣೀರು ಸುರಿಸಿದನೇ ಹೊರತು ತುಟಿ ಬಿಚ್ಚಲಿಲ್ಲ. ಮಾರ್ಲಿಸ್ ಅವನನ್ನು ಬಲೆಗೆ ಕೆಡವಲು ಮೆಲ್ಲಗೆ ಕೇಳುತ್ತಿದ್ದಳು, "ಕಾಫಿ ಬೇಕಾ ಗಾರ್ಡಿ?" ಒಂದೇ ಒಂದು ಸಲ "ಹ್ಞೂ, ಸಕ್ಕರೆ ಜಾಸ್ತಿ" ಎಂದು ಸಿಕ್ಕಿಬಿದ್ದ. ಆಮೇಲೆ ಅವಳು ಏನು ಕೇಳಿದರೂ ಗುಟುರೇ ಉತ್ತರ. ಅವಳಿಗೂ ಒಳಗೊಳಗೆ ಹೆಮ್ಮೆ. ನನ್ನ ನಿಯಮ ಎಂಥವನನ್ನು ಎಂಥವನಾಗಿ ಮಾಡಿತು ನೋಡಿ ಎಂದು ಬಸ್ಸಿನ ಷೆಡ್ಡಿನಲ್ಲೆಲ್ಲ ಹೇಳಿಕೊಂಡು ತಿರುಗಿದಳು.

ಆ ಭಾನುವಾರ ಹೊರಗೆ ಹಿಮ ಬೀಸುತ್ತಿತ್ತು. ಕಥೆ ಒಂದು ಗುಹೆಯೊಳಗೆ ಬಂದು ನಿಂತಿತ್ತು. ಒಳಗೆ ಕಣ್ಣಿಲ್ಲದ ಮಾಟಗಾತಿ. ಮನುಷ್ಯರ ವಾಸನೆ ಹಿಡಿದು ಕೊಲ್ಲುವವಳು. ಕರಡಿಯ ಬೆನ್ನ ಹಿಂದೆ ಅಡಗಿದರೆ ಮಾತ್ರ ಉಳಿಗಾಲ. ಗಾರ್ಡಿಯ ರೂಪ ಕಳಚಿತೆಂದರೆ ಎಲ್ಲರ ಕಥೆಯೂ ಮುಗಿದಂತೆ. ಬೆಳಿಗ್ಗೆಯಿಂದ ತಲೆನೋವು ಎನ್ನುತ್ತಲೇ ಬಂದಿದ್ದ ಗಾರ್ಡಿ, ಆಟ ಶುರುವಾದದ್ದೇ ಕರಡಿಯಾಗಿ ಬಾಯಿ ಮುಚ್ಚಿದ.

ಮಾರ್ಲಿಸ್ ದನಿ ತಗ್ಗಿಸಿ ಹೇಳುತ್ತಿದ್ದಳು. ಮಾಟಗಾತಿ ಹತ್ತಿರ ಬಂದಳು. ಉಸಿರೆಳೆದಳು. ಮೂಸಿದಳು. ಆಗ ಗಾರ್ಡಿಯ ಬಲಗೈಯಲ್ಲಿದ್ದ ದಾಳ ಜಾರಿ ನೆಲಕ್ಕೆ ಬಿತ್ತು. ಹಿಂದೆಯೇ ಬಿಯರ್ ಲೋಟ ಉರುಳಿತು.

"ಭಲೇ ಗುರುವೇ," ಡೀನ್ ನಕ್ಕ. "ಕರಡಿಗೆ ಲೋಟ ಹಿಡಿಯೋಕೆ ಬರುತ್ತಾ ಮತ್ತೆ!"

ಗಾರ್ಡಿಯ ಗಂಟಲಿನಿಂದ ಒಂದು ಸದ್ದು ಬಂತು. ಹಿಂದೆಂದೂ ಮಾಡದ ಸದ್ದು, ಒದ್ದೆಯಾಗಿ, ಕೆಳಗಿನಿಂದ. ಟ್ರೂಡಿ ಮೈ ಜುಮ್ಮೆಂದು ತೋಳು ಉಜ್ಜಿಕೊಂಡಳು. "ಅಯ್ಯಪ್ಪಾ, ಎಲ್ಲಿ ಕಲಿತ್ಯೋ ಇದನ್ನ?"

ಮಾರ್ಲಿಸ್ ಅವನ ಮುಖ ನೋಡಿದಳು. ತುಟಿಯ ಒಂದು ಮೂಲೆ ಜೋತಿತ್ತು. ಕಥೆ ನಿಲ್ಲಿಸಿದಳು. ಕೇಳಿಯೂ ಕೇಳಿದಳು.

"ಗಾರ್ಡಿ, ಹುಷಾರಾಗಿದ್ದೀಯ ತಾನೇ?"

ಮತ್ತೆ ಅದೇ ಸದ್ದು. ಡೀನ್ ಮೇಜು ಕುಟ್ಟಿದ. "ಬೀಳಲ್ಲ, ಅವನು ನಿನ್ನ ಬಲೆಗೆ ಬೀಳಲ್ಲ ಮಾರ್ಲಿಸ್! ಕಾಫಿ ದಿನದ ಪಾಠ ಮರೆತಿಲ್ಲ!"

ಅವಳಿಗೂ ಹಾಗೇ ಅನ್ನಿಸಿತು. ಪ್ರಶ್ನೆ ಕೇಳಿ ಕೆಡವುವವಳು ತಾನೇ ಅಲ್ಲವೇ? ನಕ್ಕಳು. "ಸರಿಯಪ್ಪಾ, ನೀನೇ ಗೆದ್ದೆ. ಈ ಕರಡಿಗೆ ಒಂದು ಬಹುಮಾನ ಬರ್ಕೊಳ್ಳಿ," ಎಂದು ಕಥೆ ಮುಂದುವರಿಸಿದಳು.

ಆಗ ಗಾರ್ಡಿ ಎಡಗೈ ಎತ್ತಿದ. ಅಂಗೈ ಬಿಚ್ಚಿ ಮೇಜಿನ ಮೇಲೆ ಊರಿದ. ಮಾರ್ಲಿಸಳನ್ನೇ ನೋಡಿದ.

"ಎಡಗೈ," ಎಂದಳು ಮಾರ್ಲಿಸ್, ತಲೆ ಎತ್ತದೆ. "ಲೆಕ್ಕಕ್ಕಿಲ್ಲ."

ಅವನು ಮತ್ತೆ ಊರಿದ. ಆಮೇಲೆ ಬಡಿದ. ದಾಳಗಳು ಕುಣಿದವು. "ಮಾಟಗಾತಿ ಕಂಡು ಕರಡಿಗೂ ಪುಕ್ಕಲು," ಎಂದ ಡೀನ್. "ತಡ್ಕೋ ಮಾರಾಯ, ಈಗ ಬಿಟ್ರೆ ನಾವೆಲ್ಲಾ ಸತ್ವಿ." ಗಾರ್ಡಿ ಬಡಿಯುತ್ತಲೇ ಇದ್ದ. ಬಡಿತ ನಿಧಾನವಾಯಿತು. ಕಡೆಗೆ ಕೈ ಹಾಗೇ ಮಲಗಿತು. ತಲೆ ಎದೆಗೆ ವಾಲಿತು. ಕರಡಿ ನಿದ್ದೆಗೆ ಹೋಯಿತೆಂದು ಟ್ರೂಡಿ ಪಿಸುಗುಟ್ಟಿದಳು. ಮಾಟಗಾತಿ ಹಾದುಹೋದಳು, ಎಲ್ಲರೂ ಬದುಕಿದರು, ಚಪ್ಪಾಳೆಯಾಯಿತು.

ಚಪ್ಪಾಳೆಯ ನಡುವೆ ಮೇಲಿನ ಅಡಿಗೆಮನೆಯಿಂದ ಮೆಟ್ಟಿಲಿಳಿದು ಬಂದವಳು ಗಾರ್ಡಿಯ ಹೆಂಡತಿ ಬೆವ್, ಕೈಯಲ್ಲಿ ಬಿಸಿ ಆಲೂಗಡ್ಡೆ ಪಾತ್ರೆ. "ಸಾಕ್ರಪ್ಪಾ ನಿಮ್ಮ ಆಟ, ತಿನ್ನಿ," ಎನ್ನುತ್ತ ಬಂದವಳು ಗಂಡನ ಕಡೆ ನೋಡಿ ನಿಂತುಬಿಟ್ಟಳು. ಪಾತ್ರೆ ಕೈಜಾರಿತು.

"ಇವನು ಯಾವಾಗಿಂದ ಹೀಗಿದ್ದಾನೆ?"

"ಅವನು ಕರಡಿ, ಬೆವ್," ಎಂದಳು ಟ್ರೂಡಿ, ಇನ್ನೂ ನಗುತ್ತ.

"ಮುಚ್ಚೇ ಬಾಯಿ! ಇದು ನನ್ನ ಗಂಡನ ಮುಖ ಅಲ್ಲ. ಯಾವಾಗಿಂದ? ಹೇಳ್ರೋ ಯಾರಾದ್ರೂ!"

ಡೀನ್ ಫೋನಿಗೆ ಓಡಿದ. ಹಿಮದಲ್ಲಿ ಆಂಬುಲೆನ್ಸ್ ಬರುವವರೆಗೆ ಬೆವ್ ಗಂಡನ ತಲೆಯನ್ನು ಮಡಿಲಲ್ಲಿಟ್ಟುಕೊಂಡು ಕೂತಳು. ಮಾರ್ಲಿಸಳನ್ನು ನೋಡಿ ಒಂದೇ ಮಾತು ಕೇಳಿದಳು: "ಏನೂ ಸೂಚನೆ ಕೊಡ್ಲಿಲ್ವಾ ಅವನು? ಸಹಾಯ ಅಂತ ಒಂದು ಸನ್ನೆ?"

"ಕೊಟ್ಟ," ಎಂದಳು ಮಾರ್ಲಿಸ್. "ಕೈ ಊರ್ದ. ಎಡಗೈ. ನಾನು ಲೆಕ್ಕಕ್ಕಿಲ್ಲ ಅಂದೆ."

ಬೆವ್ ಬಯ್ಯಲಿಲ್ಲ. ಬೈದಿದ್ದರೆ ಎಷ್ಟೋ ಹಗುರಾಗುತ್ತಿತ್ತು.

ಲಕ್ವ. ಬಲಭಾಗ ಬಿದ್ದಿತ್ತು, ಮಾತು ಹೋಗಿತ್ತು. ಬೇಗ ಕರೆತಂದಿದ್ದರೆ ಎಂದು ಶುರುಮಾಡಿದ ವೈದ್ಯರು ಬೆವ್ ಮುಖ ನೋಡಿ ಮಾತು ನುಂಗಿದರು. ಜೀವ ಉಳಿಯಿತು. ಮಾರ್ಲಿಸ್ ದಿನವೂ ಆಸ್ಪತ್ರೆಗೆ ಹೋಗಿ ಹೊರಗಿನ ಬೆಂಚಿನಲ್ಲಿ ಕೂತು ಬರುತ್ತಿದ್ದಳು. ಒಳಗೆ ಹೋಗುವ ಧೈರ್ಯ ಬರಲಿಲ್ಲ. ಬಸ್ಸಿನ ಬಾಗಿಲನ್ನು ಈಗ ಯಾರೇ ಓಡಿ ಬಂದರೂ ತೆರೆಯುತ್ತಿದ್ದಳು. ಓಡಿ ಬರದವರಿಗೂ ಕಾಯುತ್ತಿದ್ದಳು. ಕೆಟ್ಟ ಮೇಲೆ ಬುದ್ಧಿ ಬಂತು ಎಂದು ಊರವರು ಅಂದರು, ಅವಳಿಗೆ ಕೇಳಿಸುವ ಹಾಗೆಯೇ ಅಂದರು.

ಹಿಮ ಕರಗಿ ಕೆರೆಯ ಮಂಜುಗಡ್ಡೆ ಒಡೆದ ಮೇಲೆ ಒಂದು ಭಾನುವಾರ ನೆಲಮಾಳಿಗೆಯ ಬಾಗಿಲು ತಟ್ಟಿದ ಸದ್ದಾಯಿತು. ಆಟ ನಿಂತುಹೋಗಿತ್ತು, ಮೇಜಿನ ಹಲಗೆ ತೆಗೆದು ಸಾಗಿಸಲು ಡೀನ್ ಮತ್ತು ಟ್ರೂಡಿ ಬಂದಿದ್ದರು. ಬೆವ್ ಗಂಡನನ್ನು ತೋಳು ಹಿಡಿದು ಇಳಿಸಿ ತಂದಳು.

"ಇವನೇ ಎಳ್ಕೊಂಡು ಬಂದ," ಎಂದಳು. "ಅಂಗಿ ಹಾಕ್ಕೊಂಡು ಬಾಗಿಲ ಹತ್ರ ನಿಂತುಬಿಟ್ಟ. ಬೇರೆ ಕಡೆ ತಿರುಗಿಸಿದ್ರೆ ಬರಲ್ಲ. ಯಾಕೆ ಅಂತ ನಂಗೊತ್ತಿಲ್ಲ."

ಗಾರ್ಡಿ ತನ್ನ ಹಳೆಯ ಕುರ್ಚಿಯಲ್ಲಿ ಕೂತ. ಸೊರಗಿದ್ದ. ಮಾರ್ಲಿಸಳನ್ನೇ ನೋಡಿದ. ಆಮೇಲೆ ಎಡಗೈಯಿಂದ ತನ್ನ ಬಲಗೈಯ ಮಣಿಕಟ್ಟು ಹಿಡಿದು ಎತ್ತಿದ. ಆ ಕೈ ಸತ್ತ ಮೀನಿನ ಹಾಗೆ ಜೋತಿತ್ತು. ಅದನ್ನು ಮೇಜಿನ ಮೇಲೆ ಇಟ್ಟ. ಮಡಚಿದ ಬೆರಳುಗಳನ್ನು ಒಂದೊಂದಾಗಿ ಬಿಡಿಸಿದ. ಅಂಗೈ ಹಲಗೆಗೆ ತಾಗುವ ಹಾಗೆ ಮೇಲಿನಿಂದ ಒತ್ತಿ ಹಿಡಿದ.

ಟ್ರೂಡಿ ಬಾಯಿಗೆ ಕೈ ಅಡ್ಡ ಹಿಡಿದು ಅಳತೊಡಗಿದಳು. ಡೀನ್ ಗೋಡೆಗೆ ತಿರುಗಿದ. ಬೆವ್ ಏನೂ ಅರ್ಥವಾಗದೆ ಒಬ್ಬೊಬ್ಬರ ಮುಖ ನೋಡಿದಳು.

ಗಾರ್ಡಿ ಕಾಯುತ್ತಿದ್ದ. ನಿಯಮದ ಪ್ರಕಾರ ಇನ್ನು ಆಗಬೇಕಾದದ್ದು ಒಂದೇ, ಅದು ಮಾರ್ಲಿಸ್ ಬಾಯಿಂದ ಬರಬೇಕಾದದ್ದು. ಅವಳು ಎದುರು ಬಂದು ಕೂತಳು.

"ರೂಪ ಇಳೀತು ಗಾರ್ಡಿ," ಎಂದಳು. "ಮಾತಾಡಪ್ಪಾ."

ಅವನ ತುಟಿ ಅಲುಗಿತು. ಕೆಳಗಿನಿಂದ, ಒದ್ದೆಯಾಗಿ, ಆವತ್ತಿನ ಅದೇ ಸದ್ದು ಬಂತು. ಅವನು ಬೆಚ್ಚಿ ತನ್ನ ಕೈಯನ್ನು ನೋಡಿಕೊಂಡ. ಸರಿಯಾಗಿ ಊರಿಲ್ಲವೇನೋ ಎಂದುಕೊಂಡು ಇನ್ನಷ್ಟು ಒತ್ತಿ, ಮತ್ತೆ ಅವಳ ಮುಖ ನೋಡಿದ.