ಇಪ್ಪತ್ತೇಳು ಬಾರದ ಲೆಕ್ಕ

ನಮ್ಮಪ್ಪ ಯಶವಂತಪುರದ ಗೂಡ್ಸ್ ಯಾರ್ಡಿನಲ್ಲಿ ನಂಬರ್ ಬರೆಯುವ ಕೆಲಸದಲ್ಲಿದ್ದರು. ಗೂಡ್ಸ್ ಗಾಡಿ ಬಂದು ನಿಂತರೆ ಇಂಜಿನ್ನಿನಿಂದ ಕೊನೆಯ ಡಬ್ಬಿಯವರೆಗೆ ನಡೆದು, ಪ್ರತಿ ವ್ಯಾಗನ್ನಿನ ಮೈಮೇಲಿನ ನಂಬರನ್ನು ಪುಸ್ತಕಕ್ಕೆ ಇಳಿಸಿಕೊಳ್ಳುವುದು. "ಇದೂ ಒಂದು ಕೆಲಸಾನಾ?" ಎಂದು ಅಮ್ಮ ಕೆಣಕುವಳು. "ಒಂದು ಅಂಕಿ ತಪ್ಪಿದ್ರೆ ಹುಬ್ಬಳ್ಳಿ ಗೋಧಿ ಗುಂತಕಲ್ಲಿಗೆ ಹೋಗುತ್ತೆ ಕಣೇ" ಎಂದು ಅಪ್ಪ ನಗುವರು.

ಸಂಜೆ ಕೈಕಾಲು ತೊಳೆದು ಕೂತರೆಂದರೆ, ಆ ದಿನ ಬರೆದ ನಂಬರುಗಳಲ್ಲಿ ಒಂದನ್ನು ನನಗೂ ತಮ್ಮನಿಗೂ ಒಗಟಾಗಿ ಒಡ್ಡುತ್ತಿದ್ದರು. ಐದು ಅಂಕಿ. ಮೊದಲನೆಯದು ಇಷ್ಟು, ಕೊನೆಯದು ಅಷ್ಟು, ಎಲ್ಲ ಕೂಡಿದರೆ ಇಷ್ಟು, ಸಂಖ್ಯೆ ಯಾವುದು? ನಿಯಮ ಒಂದೇ. ಕಣ್ಣಾರೆ ಕಂಡ ವ್ಯಾಗನ್ನಿನ ನಂಬರೇ ಆಗಬೇಕು, ತಲೆಯಿಂದ ಹುಟ್ಟಿಸುವ ಹಾಗಿಲ್ಲ. "ತಲೆ ಸುಳ್ಳು ಹೇಳಬಹುದು, ಕಬ್ಬಿಣದ ಮೇಲೆ ಬರೆದಿದ್ದು ಹೇಳಲ್ಲ" ಎನ್ನುತ್ತಿದ್ದರು. ತಮ್ಮ ನನಗಿಂತ ಮೂರು ವರ್ಷ ಚಿಕ್ಕವನು. ನಾನು ಪೆನ್ಸಿಲ್ ಚೂಪು ಮಾಡುವಷ್ಟರಲ್ಲಿ ಅವನು ಉತ್ತರ ಹೇಳಿಬಿಡುತ್ತಿದ್ದ. ಅದನ್ನು ನಾನು ನಗುನಗುತ್ತಾ ಸಹಿಸುತ್ತಿದ್ದೆ ಎಂದರೆ ಅದು ಸುಳ್ಳು.

ನಾನು ಒಂಬತ್ತನೇ ಕ್ಲಾಸಿನಲ್ಲಿದ್ದಾಗ, ಅಂದರೆ ಎಂಬತ್ತರ ಆಚೀಚೆ, ಅವನ ಹೃದಯದ ಕವಾಟ ಕೆಟ್ಟಿದೆ ಎಂದು ಗೊತ್ತಾಯಿತು. ಆಸ್ಪತ್ರೆಗೆ ಸೇರಿಸಿದರು. ಅಮ್ಮ ಅಲ್ಲೇ ಉಳಿದಳು. ಸ್ಕೂಲು ಬಿಟ್ಟಮೇಲೆ ಅನ್ನದ ಕ್ಯಾರಿಯರ್ ಹಿಡಿದು ಬಸ್ಸಿನಲ್ಲಿ ಹೋಗುವ ಕೆಲಸ ನನ್ನದಾಯಿತು. ಹೋಗುವ ಮೊದಲು ರೈಲ್ವೆ ಗೇಟಿನ ಹತ್ತಿರ ನಿಂತು, ಹಾದುಹೋಗುವ ವ್ಯಾಗನ್ನುಗಳಲ್ಲಿ ಒಂದರ ನಂಬರ್ ಬರೆದುಕೊಳ್ಳುತ್ತಿದ್ದೆ. ವಾರ್ಡಿಗೆ ಕಾಲಿಟ್ಟ ಕೂಡಲೇ ಅವನು "ಇವತ್ತು ಯಾವ್ದು ಅಕ್ಕ?" ಎನ್ನುತ್ತಿದ್ದ. ಬಿಡಿಸಿದ ಮೇಲೆ, ಅದರಲ್ಲಿ ಏನು ತುಂಬಿತ್ತು, ಬಾಗಿಲು ತೆಗೆದಿತ್ತಾ, ಯಾವ ಕಡೆ ಹೋಯಿತು ಎಂದೆಲ್ಲ ಕೇಳುತ್ತಿದ್ದ. ಮಂಚ ಬಿಟ್ಟು ಇಳಿಯದ ಹುಡುಗನಿಗೆ ಹೊರಗಿನ ಊರೆಂದರೆ ಅಷ್ಟೇ ಉಳಿದಿತ್ತು.

ಒಂದು ಗುರುವಾರ ನಾನು ಗೇಟಿಗೆ ಹೋಗಲಿಲ್ಲ. ಪಕ್ಕದ ಸಾಬರ ಮನೆಯಲ್ಲಿ ಮದುವೆ. ನನ್ನ ವಯಸ್ಸಿನ ಹುಡುಗಿಯರೆಲ್ಲ ಮೆಹಂದಿಗೆ ಕೂತಿದ್ದರು. ಮದುಮಗಳ ತಾಯಿ ಬಾಗಿಲಲ್ಲಿ ನಿಂತು "ಆವ್ ಬೇಟಿ, ಒಂದ್ ಕೈಗಾದ್ರೂ ಹಾಕಿಸ್ಕೋ" ಎಂದರು. ನಮ್ಮ ಮನೆಯಲ್ಲಿ ತಿಂಗಳುಗಟ್ಟಲೆ ತಮ್ಮನ ಮಾತು ಬಿಟ್ಟರೆ ಬೇರೆ ಮಾತಿಲ್ಲ. ನನಗೂ ಒಂದು ಮಧ್ಯಾಹ್ನ ಬೇಕೆನಿಸಿತು. ಕೂತೆ.

ಬಸ್ಸಿನಲ್ಲಿ ಒಗಟು ಹೊಸೆದೆ. ಮೊದಲನೇ ಅಂಕಿ ಕೊನೆಯದರ ಎರಡರಷ್ಟು. ನಡುವಿನದು ಆ ಎರಡನ್ನೂ ಕೂಡಿದಷ್ಟು. ಎರಡನೆಯದೂ ನಾಲ್ಕನೆಯದೂ ಒಂದೇ. ಒಟ್ಟು ಇಪ್ಪತ್ತೇಳು. ಅದರ ಹಿಂದೆ ಯಾವ ವ್ಯಾಗನ್ನೂ ಇರಲಿಲ್ಲ. ಸುಳಿವುಗಳು ಕಿವಿಗೆ ಚೆನ್ನಾಗಿ ಕೇಳಿಸಿದವು, ಅಷ್ಟೇ. ವಾರ್ಡಿನಲ್ಲಿ ಹೇಳಿದಾಗ ಅವನು ನೋಟ್‌ಬುಕ್ಕಿನಲ್ಲಿ ಬರೆದುಕೊಂಡ. "ಕೈ ಎಷ್ಟು ಕೆಂಪಗಾಗಿದೆ!" ಎಂದು ನನ್ನ ಅಂಗೈಯನ್ನೂ ಹಿಡಿದು ನೋಡಿದ.

ಮಾರನೇ ದಿನ ಅವನ ಮುಖ ಬಾಡಿತ್ತು. "ಅಕ್ಕ, ಇಪ್ಪತ್ತಾರು ಬರುತ್ತೆ, ಇಪ್ಪತ್ತೆಂಟು ಬರುತ್ತೆ. ಇಪ್ಪತ್ತೇಳು ಬರ್ತಾನೇ ಇಲ್ಲ."

"ಸರಿಯಾಗಿ ಕೂಡು" ಎಂದೆ.

"ನೀನು ಸರಿಯಾಗಿ ನೋಡಿದ್ಯಾ?"

"ನೋಡ್ದೆ ಹೇಳ್ತೀನಾ?"

ಜನ್ಮದಲ್ಲಿ ಮೊದಲ ಸಲ ಅವನಿಗೆ ಬಿಡಿಸಲಾಗದ ಒಗಟು ನನ್ನ ಕೈಯಲ್ಲಿತ್ತು. ಒಳಗೊಳಗೇ ಖುಷಿಯಾಯಿತು. ಇದನ್ನು ಬಚ್ಚಿಟ್ಟರೆ ಉಳಿದದ್ದನ್ನು ಬರೆಯುವುದೇ ದಂಡ. ಶನಿವಾರ ಹೇಳೋಣ ಎಂದುಕೊಂಡೆ, ಹೇಳಲಿಲ್ಲ. ಭಾನುವಾರ ಅಪ್ಪನೇ ಕ್ಯಾರಿಯರ್ ತೆಗೆದುಕೊಂಡು ಹೋದರು. ಸೋಮವಾರ ಆಪರೇಷನ್. ಅದೆಲ್ಲ ಮುಗಿದು ಮನೆಗೆ ಬರಲಿ, ಆಗ ಹೇಳಿ ಇಬ್ಬರೂ ನಕ್ಕರಾಯಿತು ಎಂದು ಸಮಾಧಾನ ಮಾಡಿಕೊಂಡೆ. ತಮ್ಮ ಆಪರೇಷನ್ ಥಿಯೇಟರಿನಿಂದ ಜೀವಂತ ಬರಲಿಲ್ಲ.

ಕರ್ಮ ಮುಗಿದು ನೆಂಟರು ಹೊರಟಮೇಲೆ ಅಪ್ಪ ಆಸ್ಪತ್ರೆಯ ಚೀಲ ಬಿಚ್ಚಿದರು. ಲೋಟ, ಟವೆಲ್, ಆ ನೋಟ್‌ಬುಕ್. ಕೊನೆಯ ಪುಟಗಳಲ್ಲಿ ಗುರುವಾರದ ನನ್ನ ಸುಳಿವುಗಳು, ಕೆಳಗೆ ಮೂವತ್ತು ಸಂಖ್ಯೆಗಳಿದ್ದವು. ಮೊತ್ತ ಬಿಟ್ಟು ಉಳಿದ ಸುಳಿವುಗಳಿಗೆ ಹೊಂದಬಹುದಾದವು ಅಷ್ಟೇ, ಒಂದನ್ನೂ ಬಿಟ್ಟಿರಲಿಲ್ಲ. ಪ್ರತಿಯೊಂದರ ಮುಂದೆ ಮೊತ್ತ. ಅದೇ ಮೂವತ್ತನ್ನು ಮತ್ತೊಮ್ಮೆ ಬರೆದು ಕೂಡಿದ್ದ. ಮೂರನೇ ಸಲವೂ ಬರೆದಿದ್ದ. ಅಲ್ಲಿ ಅಂಕಿಗಳು ಸೊಟ್ಟಗಾಗಿದ್ದವು.

ಅಪ್ಪ ಅದನ್ನು ಹಿಡಿದುಕೊಂಡೇ ಯಾರ್ಡಿಗೆ ಹೋದರು. ಸಂಜೆ ಬಂದು ನನ್ನನ್ನು ಎದುರಿಗೆ ಕೂರಿಸಿಕೊಂಡರು. "ಮೊದಲನೇದು, ನಡುವಿಂದು, ಕೊನೇದು, ಈ ಮೂರನ್ನ ಕೂಡಿದ್ರೆ ಯಾವಾಗ್ಲೂ ಸರಿ ಸಂಖ್ಯೆ. ಉಳಿದೆರಡೂ ಒಂದೇ, ಕೂಡಿದ್ರೆ ಅದೂ ಸರಿ ಸಂಖ್ಯೆ. ಇಪ್ಪತ್ತೇಳು ಬೆಸ, ಅದು ಹೇಗಮ್ಮ ಬರುತ್ತೆ? ನೀನು ಒಂದು ಅಂಕಿ ತಪ್ಪು ಓದಿರ್ಬೇಕು ಅಂತ ಆ ಗುರುವಾರದ ಪುಸ್ತಕ ಪೂರ್ತಿ ನೋಡ್ದೆ. ಹತ್ತಿರದ್ದು ಕೂಡ ಒಂದಿಲ್ಲ. ಯಾವ ವ್ಯಾಗನ್ ಅದು?"

ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡ ಹಾಗೆ, ನನ್ನ ಕೈ ತಾನಾಗಿಯೇ ಲಂಗದ ಮಡಿಕೆಯೊಳಗೆ ಸೇರಿತು. ಮೆಹಂದಿಯ ಬಣ್ಣ ಇನ್ನೂ ಪೂರ್ತಿ ಹೋಗಿರಲಿಲ್ಲ.

"ವ್ಯಾಗನ್ ಇರ್ಲಿಲ್ಲ ಅಪ್ಪ. ನಾನು ಗೇಟಿಗೇ ಹೋಗಿರ್ಲಿಲ್ಲ."

ಹೊಡೆಯುತ್ತಾರೆಂದು ಕಾದೆ. ಹೊಡೆದಿದ್ದರೆ ನನಗೆ ಎಷ್ಟೋ ಹಗುರವಾಗುತ್ತಿತ್ತು. ಅಪ್ಪ ನೋಟ್‌ಬುಕ್ ಮುಚ್ಚಿ ತೊಡೆಯ ಮೇಲಿಟ್ಟುಕೊಂಡರು.

"ಭಾನುವಾರ ನನ್ನ ಕೇಳ್ದ" ಎಂದರು. "ಅಪ್ಪ, ಇದು ಬರಲ್ಲ, ನೀನೊಂದ್ಸಲ ನೋಡು ಅಂತ. ನನ್ನ ತಲೆಯೆಲ್ಲ ಆಪರೇಷನ್ ಮೇಲಿತ್ತು. ಪುಸ್ತಕ ಕೈಗೂ ತಗೊಳ್ಲಿಲ್ಲ. ಅಕ್ಕ ಕಣ್ಣಾರೆ ನೋಡಿದ್ದಾಳೆ, ತಪ್ಪು ನಿಂದೇ, ಮತ್ತೆ ಕೂಡು ಅಂದೆ. ಕೂಡ್ದ."

ಪುಸ್ತಕದ ರಟ್ಟನ್ನು ಅಂಗೈಯಿಂದ ಸವರಿದರು.

"ಆಮೇಲೆ, 'ನಂಗೆ ಲೆಕ್ಕ ಮರೆತುಹೋಗ್ತಿದೆ ಅಪ್ಪ' ಅಂತ ಅತ್ತ ಕಣಮ್ಮ. ಆಪರೇಷನ್ನಿಗೆ ಅವನು ಅಳಲೇ ಇಲ್ಲ. ಅತ್ತಿದ್ದು ಅದೊಂದಕ್ಕೆ."