ಸ್ಕಾಟ್ಸ್ ನುಡಿಯ ಟೀಚರೊಂದಿಗೆ ರಾಮದುರ್ಗಕ್ಕೆ

ಕಿತ್ತೂರು ಬಸ್‌ಸ್ಟ್ಯಾಂಡಿನಿಂದ ನಾವು ಹೊರಟಾಗ ಬೆಳಗಿನ ಎಂಟೂವರೆ. ರಾಮದುರ್ಗದಲ್ಲಿ ಮಧ್ಯಾಹ್ನ ಮೂರಕ್ಕೆ ಒಂದು ಜೀಪು ಹೊರಡುವುದಿತ್ತು. ಅದರಲ್ಲಿ ನನ್ನ ದೊಡ್ಡವ್ವ ಗಂಗವ್ವ ಬೆಳಗಾವಿಯ ಆಸ್ಪತ್ರೆಗೆ ಹೋಗುವವಳಿದ್ದಳು. ಗಂಟಲಲ್ಲಿ ಗಡ್ಡೆ, ಮರುದಿನ ಆಪರೇಷನ್. ಜೀವ ಉಳಿಯುತ್ತದೆ, ದನಿ ಉಳಿಯುವುದಿಲ್ಲ ಎಂದು ಡಾಕ್ಟರು ಮೊದಲೇ ಹೇಳಿದ್ದರು. ಅವ್ವ ತೀರಿಕೊಂಡ ಮೇಲೆ ನನ್ನನ್ನು ಬೈದು, ಮುದ್ದು ಮಾಡಿ ಬೆಳೆಸಿದ ದನಿ ಅದು. ಮೂರು ಗಂಟೆಯೊಳಗೆ ಅದನ್ನು ಟೇಪಿನಲ್ಲಿ ಹಿಡಿದಿಡಬೇಕಿತ್ತು.

ಟೇಪ್ ರೆಕಾರ್ಡರು ನನ್ನ ಜೊತೆಗಿದ್ದ ಐಸೊಬೆಲ್ ಅವರದು. ಸ್ಕಾಟ್ಲೆಂಡಿನ ಈಶಾನ್ಯ ಕರಾವಳಿಯ ಮೀನುಗಾರರ ಊರಿನ ಟೀಚರು, ಐವತ್ತು ದಾಟಿದವರು. ತಮ್ಮೂರಿನ ಸ್ಕಾಟ್ಸ್ ನುಡಿಯನ್ನು ಮುದುಕಿಯರ ಬಾಯಿಂದ ಸಂಗ್ರಹಿಸಿ ಅಭ್ಯಾಸವಾದವರು. ೧೯೯೮ರ ಡಿಸೆಂಬರಿನಲ್ಲಿ ನಮ್ಮ ಸೀಮೆಯ ಆಡುಮಾತು ಕೇಳಲು ಬಂದಿದ್ದರು. ನಾನು ಕನ್ನಡದ ಲೆಕ್ಚರರ್. ನನಗೆ ಗಡಿಯಾರ ನೋಡುವುದೊಂದೇ ಕೆಲಸವಾಗಿತ್ತು.

ಬೈಲಹೊಂಗಲ ಇನ್ನೂ ಎಂಟು ಕಿಲೋಮೀಟರ್ ಇರುವಾಗ ಕಬ್ಬಿನ ಟ್ರೇಲರ್ ಒಂದು ರಸ್ತೆಗೆ ಅಡ್ಡ ಮಗುಚಿತ್ತು. ಬಸ್ಸು ನಿಂತಿತು. ನಾನು ಮೂರು ಸಲ ಇಳಿದು ಹತ್ತಿದೆ.

"ಅವಸರಾ ಮಾಡಿ ಏನ್ ಮಾಡ್ತೀರಿ ಸರ? ಕಬ್ಬ ತಗದ ಮ್ಯಾಲನ ಗಾಡಿ ಮುಂದ ಹೋಗೂದು. ಕುಂದರ್ರಿ," ಅಂದ ಕಂಡಕ್ಟರ್.

ನನ್ನ ಚಡಪಡಿಕೆ ತಣಿಸಲೆಂದೋ ಏನೋ, ಐಸೊಬೆಲ್ ತಮ್ಮ ನುಡಿಯ ಕಥೆ ತೆಗೆದರು. ಸ್ಕಾಟ್ಸ್ ಅಂದರೆ ಕೆಟ್ಟ ಇಂಗ್ಲಿಷ್ ಅಲ್ಲ, ಇಂಗ್ಲಿಷಿನ ಒಡಹುಟ್ಟು. ಒಂದು ಕಾಲಕ್ಕೆ ಅರಮನೆ, ಕೋರ್ಟು, ಕಾಯಿದೆ ಎಲ್ಲ ಅದರಲ್ಲೇ ನಡೆಯುತ್ತಿತ್ತಂತೆ. ಆಮೇಲೆ ಅವರ ರಾಜ ಲಂಡನ್ನಿನ ಗಾದಿಗೂ ವಾರಸುದಾರನಾಗಿ ಅಲ್ಲಿಗೇ ಹೋಗಿ ಕುಳಿತ. ಬೈಬಲ್ಲು ಇಂಗ್ಲಿಷಿನಲ್ಲೇ ಚರ್ಚಿಗೆ ಬಂತು. ಉಳಿದದ್ದನ್ನು ಶಾಲೆ ಮುಗಿಸಿತು. "ತರಗತಿಯಲ್ಲಿ ಬಾಯಿ ತಪ್ಪಿ ಮನೆಯ ಮಾತು ಬಂದರೆ ಅಂಗೈಗೆ ಚರ್ಮದ ಪಟ್ಟಿಯ ಏಟು," ಎಂದು ಇಂಗ್ಲಿಷಿನಲ್ಲಿ ಹೇಳಿ ತಮ್ಮ ಅಂಗೈ ನೋಡಿಕೊಂಡರು. ಎಷ್ಟು ಜನ ಆಡುತ್ತಾರೆ ಎಂದು ಕೇಳಿದೆ. ಜನಗಣತಿಯಲ್ಲಿ ಯಾರೂ ಕೇಳಿಯೇ ಇಲ್ಲ ಅಂದರು.

ಬೈಲಹೊಂಗಲ ಮುಟ್ಟಿದಾಗ ಹನ್ನೊಂದು. ಸವದತ್ತಿಯ ಬಸ್ಸು ಹೋಗಿಬಿಟ್ಟಿತ್ತು. ನಿಂತಲ್ಲೇ ಚುರುಮುರಿಯ ಗಿರ್ಮಿಟ್ಟು, ಮಿರ್ಚಿ ಭಜಿ ತಿಂದೆವು. ಐಸೊಬೆಲ್ ಕಣ್ಣಲ್ಲಿ ನೀರು ಹಾಕಿಕೊಂಡು ಎರಡನೆಯ ಮಿರ್ಚಿಗೂ ಕೈ ಹಾಕಿದರು. ಮುಂದಿನ ಬಸ್ಸು ಸಿಕ್ಕಿದ್ದು ಮುಕ್ಕಾಲು ಗಂಟೆಯ ಮೇಲೆ. ಹೊರಗೆ ಬಿಳಿಜೋಳ ತೆನೆಗಟ್ಟಿತ್ತು.

ಸವದತ್ತಿಯಲ್ಲಿ ಒಂದು ಗಂಟೆ. ರಾಮದುರ್ಗದ ಬಸ್ಸು ಸ್ಟಾರ್ಟ್ ಮಾಡಿಕೊಂಡೇ ನಿಂತಿತ್ತು, ಓಡಿ ಹತ್ತಿದೆವು. ಕಿಟಕಿಯಾಚೆ ಎಲ್ಲಮ್ಮನ ಗುಡ್ಡ ತೋರಿಸಿದೆ. ಅದನ್ನು ನೋಡುತ್ತಾ ಐಸೊಬೆಲ್ ವ್ಯಾಕರಣಕ್ಕೆ ಇಳಿದರು. ಇದು, ಅದು ಅಷ್ಟೇ ಅಲ್ಲ, ದೂರದ ಅಂಥ ಗುಡ್ಡಕ್ಕೆ ಸ್ಕಾಟ್ಸಿನಲ್ಲಿ 'ಯಾನ್' ಎಂಬ ಮೂರನೆಯ ಮಾತಿದೆಯಂತೆ. 'ಇಲ್ಲ' ಎನ್ನುವುದು ಕ್ರಿಯಾಪದದ ಬಾಲಕ್ಕೆ 'ನಾ' ಆಗಿ ಅಂಟಿಕೊಳ್ಳುತ್ತದೆ: ಆಗದು ಎಂಬುದಕ್ಕೆ 'ಕ್ಯಾನ್ನಾ'. ಬೇರೆ ದಿನವಾಗಿದ್ದರೆ ನೂರು ಪ್ರಶ್ನೆ ಕೇಳುತ್ತಿದ್ದೆ. ಅವತ್ತು ಹೂಂ ಅಂದೆ ಅಷ್ಟೇ.

ರಾಮದುರ್ಗದಲ್ಲಿ ಇಳಿದಾಗ ಎರಡೂಕಾಲು. ನೇಕಾರರ ಓಣಿಯಲ್ಲಿ, ದೊಡ್ಡವ್ವನ ಮನೆಯ ಮುಂದೆ, ಜೀಪು ನಿಂತಾಗಿತ್ತು. "ಮೂರಕ್ಕ ಬಿಡಾಕಬೇಕು ಅಣ್ಣಾ. ಏಳರೊಳಗ ಕರಕೊಂಡ ಬರ್ರಿ ಅಂದಾರ ಡಾಕ್ಟರು," ಅಂದ ಅವಳ ಮಗ ಬಸು.

ದೊಡ್ಡವ್ವ ಮಗ್ಗ ಬಿಟ್ಟು ಕುರ್ಚಿಯ ಮೇಲೆ ಕುಳಿತಿದ್ದಳು. ಮೈಮೇಲೆ ಹೊಸ ಇಳಕಲ್ ಸೀರೆ. ಟೇಪು ತಿರುಗಿದ್ದೇ ತಡ, ಒಡಕು ದನಿಯಲ್ಲಿ ಶುರುಮಾಡಿದಳು: "ನಾನು ಐವತ್ತು ವರ್ಷಗಳಿಂದ ನೇಯ್ಗೆಯ ಕಾಯಕದಲ್ಲಿ ತೊಡಗಿದ್ದೇನೆ. ಮಗ್ಗವು ನಮ್ಮ ಜೀವನಾಧಾರವಾಗಿದೆ."

ಇದು ಅವಳ ಮಾತೇ ಅಲ್ಲ, ಪುಸ್ತಕದ ಕನ್ನಡ. ಬಸು ಹೆಮ್ಮೆಯಿಂದ ಪಿಸುಗುಟ್ಟಿದ: "ಎಂಟ ದಿನದಿಂದ ನನ್ನ ಮಗಳ ಸಾಲಿ ಪುಸ್ತಕಾ ಇಟಗೊಂಡು ಬಾಯಿಪಾಠಾ ಮಾಡ್ಯಾಳ. ನಿನ್ನ ಮರ್ಯಾದಿ ಹೋಗಬಾರ್ದು ಅಂತ."

"ದೊಡ್ಡವ್ವ, ದಯವಿಟ್ಟು ಸಹಜವಾಗಿ ಮಾತನಾಡು," ಅಂದೆ. ಹೇಳಿದ್ದು ಪುಸ್ತಕದ ಕನ್ನಡದಲ್ಲೇ. ಅವಳು ಇನ್ನಷ್ಟು ನೆಟ್ಟಗೆ ಕುಳಿತಳು.

ಐಸೊಬೆಲ್ ಟೇಪು ನಿಲ್ಲಿಸಿದರು. "ನನಗೆ ಒಂದು ಪದವೂ ತಿಳಿಯದು. ಆದರೆ ಈ ದನಿ ನನಗೆ ಗೊತ್ತು. ನಮ್ಮ ತಾಯಿ ಮೀನು ಕೊಯ್ಯುವವಳು. ಟೇಪಿನ ಮುಂದೆ ರೇಡಿಯೋ ವಾರ್ತೆಯವರ ಹಾಗೆ ಇಂಗ್ಲಿಷ್ ಮಾತಾಡಿದಳು. ಆಮೇಲೆ ಸತ್ತಳು. ಎರಡು ಗಂಟೆಯ ಟೇಪು ಇದೆ, ಅದರಲ್ಲಿ ನನ್ನ ತಾಯಿ ಇಲ್ಲ." ಹೇಳಿ ಮತ್ತೆ ಗುಂಡಿ ಒತ್ತಿದರು.

ಎರಡೂ ಮುಕ್ಕಾಲು. ಹೊರಗೆ ಡ್ರೈವರ್ ಹಾರ್ನ್ ಹೊಡೆದ. ದೊಡ್ಡವ್ವನಿಗೆ ಈ ಪುಸ್ತಕದ ಮಾತಿನ ರೋಗ ಹಚ್ಚಿದವನು ನಾನು. ನೌಕರಿ ಸೇರಿದ ಹೊಸದರಲ್ಲಿ, ನಮ್ಮ ಮನೆಯ ವಾಸ್ತುಶಾಂತಿಯ ದಿನ, ಕಾಲೇಜಿನವರೆಲ್ಲರ ಮುಂದೆ 'ಸರಿಯಾಗಿ ಮಾತಾಡಲು ಬರುವುದಿಲ್ಲವೇ?' ಎಂದು ಅವಳನ್ನು ಗದರಿಸಿದ್ದೆ. ನೆನೆದರೆ ಈಗಲೂ ನಾಚಿಕೆಯಾಗುತ್ತದೆ. ನೆಲದ ಮೇಲೆ, ಅವಳ ಕಾಲ ಹತ್ತಿರ ಕುಳಿತೆ.

"ದೊಡ್ಡವ್ವಾ, ಅವತ್ತ ನಮ್ಮ ಮನಿಯಾಗ ಎಲ್ಲಾರ ಮುಂದ ನಿನಗ ಗದರಿಸಿದ್ನಲ್ಲಾ, ತಪ್ಪಾತು. ನಿನ್ನ ಬಾಯಿ ಮುಚ್ಚಸಿದಾಂವ ನಾನ."

ಎಷ್ಟೋ ವರ್ಷದಿಂದ ಆಡದ ಮಾತು ನಾಲಿಗೆಯಲ್ಲಿ ತೊಡರಿತು. ಟೇಪು ತಿರುಗುತ್ತಿತ್ತು. ಬಸು ಚೀಲ ಜೀಪಿಗೆ ಒಯ್ದು ಬಂದ. ಆಗ ದೊಡ್ಡವ್ವ ನನ್ನ ತಲೆಯ ಮೇಲೆ ಕೈ ಇಟ್ಟಳು.

"ಹಬ್ಬಕ್ಕ ಬಾ ಅಂತ ನೀ ಕರದಾಗೆಲ್ಲಾ ಮೊಣಕಾಲ ನೋಯತಾವು ಅಂತಿದ್ದೆ. ಮೊಣಕಾಲಿಗೇನ ಆಗಿತ್ತು ಧಾಡಿ? ದಿನಾ ಕಾಲ ಇಳಿಬಿಟ್ಟ ಮಗ್ಗದ ಕುಣ್ಯಾಗ ಕುಂದ್ರಾಕಿ ನಾ. ನಿಮ್ಮ ಮನಿಯಾಗ ಬಾಯಿ ತಗದ್ರ ಏನ ತಪ್ಪ ಬರತೈತೋ ಅಂತ ಅಂಜಿ ಬರಲಿಲ್ಲೋ ತಮ್ಮಾ."

ಆಮೇಲೆ ನಿಲ್ಲಲಿಲ್ಲ. ನನ್ನನ್ನು ಬೈದಳು, ಸತ್ತ ತಂಗಿಯನ್ನು ನೆನೆದು ಅತ್ತಳು, ಮಗ್ಗದ ಲಾಳಿ ಹೇಗೆ ಎಸೆಯಬೇಕೆಂದು ಐಸೊಬೆಲ್‌ಗೆ ಕೈಮಾಡಿ ತೋರಿಸಿದಳು. ಡ್ರೈವರ್ ಎರಡು ಸಲ ಬಂದು ಬಾಗಿಲಲ್ಲಿ ನಿಂತು ಹೋದ. ಜೀಪು ಬಿಟ್ಟಾಗ ಮೂರೂ ಹತ್ತು. ಓಣಿಯ ತಿರುವಿನವರೆಗೂ ಅವಳ ಬೈಗುಳ ಕೇಳುತ್ತಿತ್ತು.

ಮರಳುವ ಬಸ್ಸಿನಲ್ಲಿ ಐಸೊಬೆಲ್ ಅರ್ಥ ಕೇಳಿದರು. ಒಂದನ್ನೂ ಮುಚ್ಚದೆ ಹೇಳಿದೆ. ಅವರು ರೆಕಾರ್ಡರಿನಿಂದ ಕ್ಯಾಸೆಟ್ ತೆಗೆದರು. ಅದರ ಮೇಲೆ ದೊಡ್ಡವ್ವನ ಹೆಸರು ಬರೆದು ನನ್ನ ಕೈಗೆ ಕೊಟ್ಟರು.

ಆಪರೇಷನ್ ಚೆನ್ನಾಗಿ ಆಯಿತು. ಡಾಕ್ಟರು ಹೇಳಿದಂತೆ ದನಿ ಹೋಯಿತು. ಮುಂದಿನ ಯುಗಾದಿಗೆ ದೊಡ್ಡವ್ವ ನಾನು ಕರೆಯುವ ಮೊದಲೇ ನಮ್ಮ ಮನೆಗೆ ಬಂದಳು, ಎಂಟು ದಿನ ಇದ್ದಳು. ಈಗ ಅವಳಿಗೆ ಬಾಯಿ ತಪ್ಪುವ ಅಂಜಿಕೆ ಇರಲಿಲ್ಲ.